ಬಾವುಟ ಇಳಿಯಿತು, ದಫ್ತರ ಉಳಿಯಿತು

(ದಾವಣಗೆರೆಯಲ್ಲಿ ನಾನು ಕೊಟ್ಟ ಉಪನ್ಯಾಸವೊಂದರ ಬರಹ ರೂಪವಿದು. ಹೊತ್ತು ಮೀರುತ್ತಿದ್ದುದರಿಂದ ಅಂದು ಮೊಟಕು ಮಾಡಿದ್ದ ಕೆಲವು ಭಾಗಗಳನ್ನು ಇಲ್ಲಿ ಬಿಡಿಸಿ ಬರೆದಿದ್ದೇನೆ.)

ನಾವು ಕುಳಿತಿರುವ ಈ ಊರಿನಿಂದ ಹರಿಹರದ ತುಂಗಭದ್ರೆಯ ಸೇತುವೆಗೆ ಅರ್ಧ ಗಂಟೆಯ ದಾರಿ. 1956ರ ಅಕ್ಟೋಬರ್ ಕೊನೆಯವರೆಗೆ ಆ ಹೊಳೆಯ ಈಚೆ ದಡ ಮೈಸೂರು, ಆಚೆ ದಡ ಬೊಂಬಾಯಿ. ಇಲ್ಲಿಂದ ಉತ್ತರಕ್ಕೆ ಹೊರಟು ಹರಪನಹಳ್ಳಿ ಸೀಮೆಯನ್ನು ಮುಟ್ಟಿದರೆ ಅದು 1953ರವರೆಗೆ ಮದರಾಸು. ಮೂರೂ ಕಡೆ ಜನ ಆಡುತ್ತಿದ್ದ ಮಾತು ಕನ್ನಡವೇ, ಬಿತ್ತುತ್ತಿದ್ದ ಬೆಳೆ ಜೋಳ, ಹತ್ತಿ, ರಾಗಿಗಳೇ; ಹೆಣ್ಣು ಕೊಟ್ಟು ತರುವ ಬೀಗತನಕ್ಕೆ ಈ ಗಡಿಗಳು ಎಂದೂ ಅಡ್ಡ ಬಂದಿರಲಿಲ್ಲ. ಆದರೆ ಹೊಲದ ಕಾಗದಕ್ಕೆ ಮಾತ್ರ ಮೂರು ಹೆಸರುಗಳಿದ್ದವು. ಈಚೆಯವರು ಪಹಣಿ ಎನ್ನುತ್ತಿದ್ದರು, ರಾಣೆಬೆನ್ನೂರಿನ ಕಡೆಯವರು ಸಾತ್‌ಬಾರಾ ಉತಾರ ಎನ್ನುತ್ತಿದ್ದರು, ಹರಪನಹಳ್ಳಿಯವರು ಅಡಂಗಲ್ ಎನ್ನುತ್ತಿದ್ದರು. ಎಸ್. ನಿಜಲಿಂಗಪ್ಪನವರು ಹುಟ್ಟಿದ ಹಲವಾಗಲು ಮದರಾಸು ಪ್ರಾಂತ್ಯದ ಊರು, ಅವರು ವಕೀಲಿ ಮಾಡಿದ ಚಿತ್ರದುರ್ಗ ಮೈಸೂರು ಸಂಸ್ಥಾನದ ಊರು. ಮುಂದೆ 1956ರ ನವೆಂಬರ್ 1ರಂದು ಒಂದಾದ ನಾಡಿಗೆ ಅವರೇ ಮುಖ್ಯಮಂತ್ರಿಯಾದರು.

ನಾಡು ಒಂದಾದದ್ದು ಆ ದಿನ, ನಿಜ. ಆದರೆ ಬೊಂಬಾಯಿಯ 1879ರ ಭೂಕಂದಾಯ ಸಂಹಿತೆ, ಮೈಸೂರಿನ 1888ರ ಸಂಹಿತೆ, ಮದರಾಸಿನ ನಿಯಮಗಳು ಇವೆಲ್ಲ ತಮ್ಮ ತಮ್ಮ ಸೀಮೆಗಳಲ್ಲಿ ಹಾಗೆಯೇ ನಡೆದುಕೊಂಡು ಹೋದವು. ಇಡೀ ರಾಜ್ಯಕ್ಕೆ ಒಂದೇ ಭೂಕಂದಾಯ ಕಾಯಿದೆ ಜಾರಿಗೆ ಬಂದದ್ದು 1964ರ ಏಪ್ರಿಲ್ 1ರಂದು, ಅಂದರೆ ಏಕೀಕರಣದ ಸಂಭ್ರಮ ಮುಗಿದು ಏಳು ವರ್ಷ ಕಳೆದ ಮೇಲೆ. ಮಾತು ಒಂದೇ, ಜನ ಒಂದೇ, ಸರ್ಕಾರವೂ ಒಂದೇ ಆದ ಮೇಲೂ ದಫ್ತರಗಳು, ಅಂದರೆ ಸರ್ಕಾರದ ಕಡತಗಳು, ಒಂದಾಗಲು ಇಷ್ಟು ಕಾಲ ಹಿಡಿಯಿತು ಎಂಬ ಈ ಸಂಗತಿಯಿಂದಲೇ ನನ್ನ ಮಾತನ್ನು ಆರಂಭಿಸುತ್ತಿದ್ದೇನೆ.

ವಸಾಹತು ಆಳ್ವಿಕೆ ಮುಗಿದ ಮೇಲೆ ದೇಶಗಳಲ್ಲಿ ಆದ ರಾಜಕೀಯ ಮತ್ತು ಸಾಮಾಜಿಕ ಬದಲಾವಣೆಯ ಕಥೆಯನ್ನು ನಾವು ಸಾಮಾನ್ಯವಾಗಿ ನಡುರಾತ್ರಿಯ ಭಾಷಣ, ಏರಿದ ಬಾವುಟ, ದೊಡ್ಡ ನಾಯಕರು, ಅವರ ನಂತರ ಬಂದ ಸೇನಾಧಿಕಾರಿಗಳು ಇವುಗಳ ಮೂಲಕ ಕೇಳಿ ಬಲ್ಲೆವು. ನಾನು ತಾಲ್ಲೂಕು ಕಚೇರಿಯ ರೆಕಾರ್ಡ್ ರೂಮಿನ ಬಾಗಿಲಿನಿಂದ ಆ ಕಥೆಯೊಳಗೆ ಹೋಗಬೇಕೆಂದಿದ್ದೇನೆ. ಆಳಿದವರು ಒಂದು ದಿನ ಹಡಗು ಹತ್ತಿ ಹೋದರು. ಅವರು ನೆಲವನ್ನು ಅಳೆದು ಬರೆದ, ಜನರನ್ನು ವಿಂಗಡಿಸಿ ಬರೆದ, ಅಪರಾಧವೆಂದರೆ ಯಾವುದು ಎಂದು ಬರೆದ ಪುಸ್ತಕಗಳು ಕಪಾಟಿನಲ್ಲೇ ಉಳಿದವು. ಆ ಪುಸ್ತಕಗಳನ್ನು ಹೊಸ ಸರ್ಕಾರ ಏನು ಮಾಡಿತು ಎಂಬುದನ್ನು ನೋಡಿದರೆ ಆ ದೇಶದಲ್ಲಿ ಬದಲಾವಣೆ ಎಷ್ಟು ಆಳಕ್ಕೆ ಇಳಿಯಿತು ಎಂಬುದನ್ನು ಅಳೆಯಬಹುದು ಎಂಬುದು ನನ್ನ ವಾದ.

ಇಲ್ಲಿ ಒಂದು ಆಕ್ಷೇಪಕ್ಕೆ ಮೊದಲೇ ಉತ್ತರ ಹೇಳಬೇಕು. ದಫ್ತರವನ್ನು ಬ್ರಿಟಿಷರು ಕಂಡುಹಿಡಿಯಲಿಲ್ಲ. ತಹಸೀಲ್ದಾರ್, ಜಮಾಬಂದಿ, ಖರಾಬು, ದರಖಾಸ್ತು, ಅಷ್ಟೇಕೆ ದಫ್ತರ ಎಂಬ ಮಾತೂ ಅವರಿಗಿಂತ ಹಿಂದಿನ ಆಳ್ವಿಕೆಗಳಿಂದ ನಮಗೆ ಬಂದವು. ಆದರೆ 1831ರಿಂದ 1881ರವರೆಗೆ ಮೈಸೂರು ಬ್ರಿಟಿಷ್ ಕಮಿಷನರುಗಳ ಕೈಯಲ್ಲಿದ್ದಾಗ, ಅದರಲ್ಲೂ 1863ರಲ್ಲಿ ಬೊಂಬಾಯಿ ಪದ್ಧತಿಯ ಸರ್ವೆ ಆರಂಭವಾದ ಮೇಲೆ, ಬರಹಕ್ಕೂ ನೆಲಕ್ಕೂ ಇದ್ದ ಸಂಬಂಧ ಬೇರೆಯಾಯಿತು. ಹಿಂದೆ ಶಾನುಭೋಗರ ಕಡತ ಊರಿನ ನಡವಳಿಕೆಯ ಹಿಂದೆ ಹಿಂದೆ ನಡೆಯುತ್ತಿತ್ತು. ಈ ವರ್ಷ ಯಾರು ಉತ್ತರು, ಎಷ್ಟು ಬೆಳೆದರು ಎಂಬುದನ್ನು ನೋಡಿ ಬರೆಯುತ್ತಿದ್ದರು. ಸರಪಳಿ ಹಿಡಿದು ಅಳೆದು, ಕಲ್ಲು ನೆಟ್ಟು, ಪ್ರತಿ ತುಂಡಿಗೂ ನಂಬರು ಕೊಟ್ಟ ಮೇಲೆ ಊರೇ ಕಡತದ ಹಿಂದೆ ನಡೆಯಬೇಕಾಯಿತು. ಕಡತದಲ್ಲಿ ಯಾರ ಹೆಸರೂ ಇಲ್ಲದ ನೆಲವೆಲ್ಲ ಸರ್ಕಾರದ್ದು ಎಂಬ ನಿಯಮ ಅದರ ಬೆನ್ನಿಗೇ ಬಂದಿತು. ದನ ಮೇಯುವ ಬಯಲು, ಸೌದೆ ತರುವ ಕುರುಚಲು ಗುಡ್ಡ, ಹೆಣ ಸುಡುವ ಹಳ್ಳದ ದಂಡೆ ಇವುಗಳಿಗೆ ಊರೆಲ್ಲ ಒಡೆಯರಾಗಿದ್ದರಿಂದ ಕಾಗದದಲ್ಲಿ ಯಾರೂ ಒಡೆಯರಾಗಲಿಲ್ಲ.

ಇದೇ ನಿಯಮ ಬೇರೆ ಬೇರೆ ಭಾಷೆಗಳಲ್ಲಿ ಜಗತ್ತಿನ ಉದ್ದಕ್ಕೂ ಸಿಗುತ್ತದೆ. ಡಚ್ಚರು ಇಂಡೊನೇಷ್ಯಾದಲ್ಲಿ 1870ರಲ್ಲಿ ಹೇಳಿದ್ದೂ ಇದನ್ನೇ: ಒಡೆತನವನ್ನು ರುಜುವಾತು ಮಾಡಲಾಗದ ಭೂಮಿಯೆಲ್ಲ ರಾಜ್ಯದ ಆಸ್ತಿ. ಸ್ವತಂತ್ರ ಇಂಡೊನೇಷ್ಯಾ 1960ರ ಭೂ ಕಾಯಿದೆಯಲ್ಲಿ ಆ ನಿಯಮವನ್ನು ರದ್ದು ಮಾಡಿತು, ಮಾಡಿ ಹೆಮ್ಮೆಪಟ್ಟಿತು. ಏಳೇ ವರ್ಷಗಳಲ್ಲಿ, ಸುಹಾರ್ತೊ ಅಧಿಕಾರಕ್ಕೆ ಬಂದ ಮೇಲೆ, 1967ರ ಅರಣ್ಯ ಕಾಯಿದೆಯ ಮೂಲಕ ಅದೇ ನಿಯಮ ಇನ್ನೊಂದು ಬಾಗಿಲಿನಿಂದ ಒಳಗೆ ಬಂದಿತು. ದೇಶದ ಅರ್ಧಕ್ಕಿಂತ ಹೆಚ್ಚು ನೆಲ ಸರ್ಕಾರಿ ಅರಣ್ಯದ ವ್ಯಾಪ್ತಿಗೆ ಸೇರಿತು, ಮರದ ಕಂಪನಿಗಳಿಗೆ ಪರವಾನಗಿಗಳು ಸಿಕ್ಕವು. ಬುಡಕಟ್ಟುಗಳ ಸಾಂಪ್ರದಾಯಿಕ ಕಾಡು ಸರ್ಕಾರದ ಕಾಡಲ್ಲ ಎಂದು ಆ ದೇಶದ ಸಂವಿಧಾನ ನ್ಯಾಯಾಲಯ ಹೇಳಲು 2013 ಬರಬೇಕಾಯಿತು. ನಮ್ಮಲ್ಲಿ ಅರಣ್ಯ ಹಕ್ಕು ಕಾಯಿದೆ ಬಂದದ್ದು 2006ರಲ್ಲಿ; ಅದು ಎದುರಿಸಬೇಕಾಗಿದ್ದು 1927ರ ಬ್ರಿಟಿಷ್ ಅರಣ್ಯ ಕಾಯಿದೆಯನ್ನು, ಮತ್ತು ಆ 1927ರ ಕಾಯಿದೆ ಇಂದಿಗೂ ಜಾರಿಯಲ್ಲಿದೆ.

ಚಿತ್ರದುರ್ಗದವರಿಗೆ ಈ ವಿಷಯದಲ್ಲಿ ಒಂದು ಹಕ್ಕಿದೆ, ಏಕೆಂದರೆ ಈ ಪ್ರಶ್ನೆಯನ್ನು ಕೊಡಲಿ ಹಿಡಿದು ಕೇಳಿದ ಊರು ಆ ಸೀಮೆಯಲ್ಲೇ ಇದೆ. 1939ರಲ್ಲಿ ತುರುವನೂರಿನಲ್ಲಿ ನಡೆದ ಅರಣ್ಯ ಸತ್ಯಾಗ್ರಹದಲ್ಲಿ ಜನ ಈಚಲು ಮರಗಳನ್ನು ಕಡಿದರು, ನಿಜಲಿಂಗಪ್ಪನವರೂ ಸೇರಿ ಅನೇಕರು ಸೆರೆಮನೆಗೆ ಹೋದರು. ಅದನ್ನು ಮದ್ಯಪಾನ ವಿರೋಧದ ಸತ್ಯಾಗ್ರಹ ಎಂದಷ್ಟೇ ನಾವು ನೆನೆಯುತ್ತೇವೆ. ಈಚಲು ಎಂದರೆ ಸೇಂದಿ, ಸೇಂದಿ ಎಂದರೆ ಸರ್ಕಾರಕ್ಕೆ ಅಬಕಾರಿ ಆದಾಯ. ಊರ ಹಳ್ಳದಲ್ಲಿ ತಾನಾಗಿ ಬೆಳೆದ ಮರವನ್ನು ಊರಿನವರು ಮುಟ್ಟಿದರೆ ಅದು ಕಳವು ಎಂದು ಕಾನೂನು ಹೇಳುತ್ತಿತ್ತು. ಆ ಕೊಡಲಿ ಪೆಟ್ಟಿನ ಹಿಂದೆ ‘ಈ ಮರ ಯಾರದು ಎಂದು ತೀರ್ಮಾನಿಸಿದವರು ಯಾರು’ ಎಂಬ ಪ್ರಶ್ನೆಯೂ ಇತ್ತು ಎಂದು ನಾನು ನಂಬಿದ್ದೇನೆ. ಎಂಟು ವರ್ಷಗಳ ನಂತರ, 1947ರ ಅಕ್ಟೋಬರಿನಲ್ಲಿ, ಮೈಸೂರಿನಲ್ಲಿ ಜವಾಬ್ದಾರಿ ಸರ್ಕಾರ ಬಂದಿತು. ಕೊಡಲಿ ಹಿಡಿದವರ ಪಕ್ಷವೇ ಅಧಿಕಾರಕ್ಕೆ ಬಂದಿತು. ಆದರೆ ಮರ ಯಾರದು ಎಂದು ಹೇಳುವ ಪುಸ್ತಕ ಬದಲಾಗಲಿಲ್ಲ.

ಆ ಪುಸ್ತಕದಲ್ಲಿ ಬರೆದದ್ದು ಎಷ್ಟು ಕಾಲ ಬದುಕಿರುತ್ತದೆ ಎಂಬುದಕ್ಕೆ ಚಳ್ಳಕೆರೆಯ ಕಾವಲುಗಳಿಗಿಂತ ದೊಡ್ಡ ಸಾಕ್ಷಿ ನನಗೆ ಗೊತ್ತಿಲ್ಲ. ಮೈಸೂರು ಅರಸರ ಕಾಲದ ಬೆಣ್ಣೆ ಚಾವಡಿಯ ದನಗಳಿಗೆಂದು ಮೀಸಲಾದ ಹುಲ್ಲುಗಾವಲುಗಳಿವು. ಟಿಪ್ಪು ಆ ಇಲಾಖೆಗೆ ಅಮೃತಮಹಲ್ ಎಂದು ಹೆಸರಿಟ್ಟನು. 1799ರ ನಂತರ ಬ್ರಿಟಿಷರ ಸೈನ್ಯ ತನ್ನ ಫಿರಂಗಿ, ಸಾಮಾನು ಎಳೆಯುವ ಎತ್ತುಗಳಿಗಾಗಿ ಅದನ್ನು ವಶಕ್ಕೆ ತೆಗೆದುಕೊಂಡಿತು. ಆಮೇಲೆ ಸಂಸ್ಥಾನ, ಆಮೇಲೆ ರಾಜ್ಯ ಸರ್ಕಾರ. ಇಷ್ಟು ಸರ್ಕಾರಗಳು ಬದಲಾದರೂ ಸುತ್ತಣ ಹಳ್ಳಿಗಳ ಕುರಿ, ದನ ಅಲ್ಲಿ ಮೇಯುವುದು ನಿಂತಿರಲಿಲ್ಲ. ಮ್ಯಾಸಬೇಡರ ದೇವರ ಎತ್ತುಗಳು, ಕಾಡುಗೊಲ್ಲರ ಹಟ್ಟಿಗಳ ಹಿಂಡುಗಳು, ಚಳ್ಳಕೆರೆಯ ಕಂಬಳಿಗೆ ಉಣ್ಣೆ ಕೊಡುವ ಕುರಿಗಳು, ಎಲ್ಲವೂ ಆ ಹುಲ್ಲನ್ನೇ ನಂಬಿದ್ದವು. 2008ರ ನಂತರದ ಕೆಲವೇ ವರ್ಷಗಳಲ್ಲಿ ಕುದಾಪುರ, ವರವು, ಉಳ್ಳಾರ್ತಿ ಕಾವಲುಗಳಲ್ಲಿ ಸುಮಾರು 10,000 ಎಕರೆಯನ್ನು ರಕ್ಷಣೆ, ಅಣುಶಕ್ತಿ, ಬಾಹ್ಯಾಕಾಶ ಮತ್ತು ವಿಜ್ಞಾನದ ಸಂಸ್ಥೆಗಳಿಗೂ ಇತರ ಉದ್ದೇಶಗಳಿಗೂ ಹಂಚಲಾಯಿತು. ಹಳ್ಳಿಯವರಲ್ಲಿ ಅನೇಕರಿಗೆ ಸುದ್ದಿ ತಿಳಿದದ್ದು ಗೋಡೆ ಏಳತೊಡಗಿದಾಗ. ವಿಷಯ ಹಸಿರು ನ್ಯಾಯಮಂಡಳಿಯವರೆಗೂ ಹೋಯಿತು.

ದೇಶಕ್ಕೆ ವಿಜ್ಞಾನ ಬೇಡ ಎಂದು ನಾನು ಹೇಳುವವನಲ್ಲ, ಈ ಸಂಸ್ಥೆಗಳ ಬಗ್ಗೆ ನನಗೆ ಗೌರವವಿದೆ. ನನ್ನನ್ನು ಕಾಡುವುದು ಬೇರೊಂದು ಸಂಗತಿ. ಇಷ್ಟು ದೊಡ್ಡ ಬಯಲನ್ನು ಇಷ್ಟು ಸುಲಭವಾಗಿ ಕೊಡಲು ಸಾಧ್ಯವಾದದ್ದು ಏಕೆ? ಭೂಸ್ವಾಧೀನಕ್ಕೆ 1894ರ ಕಾಯಿದೆಯನ್ನು ತೆಗೆದು 2013ರಲ್ಲಿ ನಾವು ಹೊಸ ಕಾಯಿದೆ ತಂದೆವು. ಅದರಲ್ಲಿ ಒಪ್ಪಿಗೆ, ಪರಿಹಾರ, ಪುನರ್ವಸತಿ ಎಲ್ಲವೂ ಇವೆ. ಆದರೆ ಕಾವಲನ್ನು ಯಾರಿಂದಲೂ ಸ್ವಾಧೀನ ಮಾಡಿಕೊಳ್ಳಬೇಕಾಗಿಯೇ ಇರಲಿಲ್ಲ. ಅದು ಮೊದಲಿನಿಂದಲೂ ‘ಸರ್ಕಾರಿ’. ಎರಡು ಶತಮಾನಗಳ ಹಿಂದೆ ಸೈನ್ಯದ ಎತ್ತುಗಳಿಗಾಗಿ ಬರೆದ ಆ ಪದ ಇಂದಿನ ಪಹಣಿಯ ಕಲಮಿನಲ್ಲಿ ಹಾಗೆಯೇ ನಿಂತಿದೆ, ಮತ್ತು ಆ ಪದದ ಮುಂದೆ ಕುರಿ ಕಾಯುವವನಿಗೆ ತೋರಿಸಲು ಯಾವ ಕಾಗದವೂ ಇಲ್ಲ.

ನನ್ನ ಮನೆಯ ಮಾತನ್ನೂ ಇಲ್ಲಿ ಹೇಳಿಬಿಡುತ್ತೇನೆ. ಜಗಳೂರು ಸೀಮೆಯ ನಮ್ಮ ಊರಿನಲ್ಲಿ ನನ್ನ ಅಜ್ಜ ಕಲ್ಲು ಆಯ್ದು ಹೊಲ ಮಾಡಿದ ಮೂರು ಎಕರೆ ಗೋಮಾಳದ ನೆಲವಿದೆ. ಬಗರ್‌ಹುಕುಂ ಸಕ್ರಮಕ್ಕೆಂದು ಅಜ್ಜ ಫಾರಂ 50 ಕೊಟ್ಟರು, ತಂದೆ ಫಾರಂ 53 ಕೊಟ್ಟರು, ಅಣ್ಣ ಫಾರಂ 57 ಕೊಟ್ಟಿದ್ದಾನೆ. ಬಗರ್‌ಹುಕುಂ ಎಂದರೆ ಅಪ್ಪಣೆಯಿಲ್ಲದೆ ಎಂದು ಅರ್ಥ. ಸ್ವತಂತ್ರ ದೇಶದ ಪ್ರಜೆಯೊಬ್ಬ ಮೂರು ತಲೆಮಾರು ಉತ್ತರೂ ‘ಅಪ್ಪಣೆಯಿಲ್ಲದವನು’ ಎಂಬ ಹೆಸರಿನಲ್ಲೇ ಸಾಲಿನಲ್ಲಿ ನಿಲ್ಲಬೇಕಾಗಿರುವುದು ನನಗೆ ನೋವು ತರುತ್ತದೆ, ಮತ್ತು ಈ ಸಭೆಯಲ್ಲಿ ಆ ಸಾಲಿನಲ್ಲಿ ನಿಂತವರು ನಾನೊಬ್ಬನೇ ಅಲ್ಲ ಎಂಬುದೂ ನನಗೆ ಗೊತ್ತು.

ಕೀನ್ಯಾದ ಕಥೆ ಇದಕ್ಕಿಂತ ಕಠಿಣವಾದದ್ದು. ಅಲ್ಲಿ 1915ರ ಕಾಯಿದೆ ಆಫ್ರಿಕನ್ನರು ಬದುಕುತ್ತಿದ್ದ ನೆಲವನ್ನೆಲ್ಲ ಬ್ರಿಟಿಷ್ ಕಿರೀಟದ ಭೂಮಿಯನ್ನಾಗಿ ಮಾಡಿತು. ಎತ್ತರದ, ತಂಪಾದ, ಫಲವತ್ತಾದ ಸೀಮೆ ಬಿಳಿಯ ಜಮೀನುದಾರರಿಗೆ ಮೀಸಲಾಯಿತು. 1952ರಲ್ಲಿ ಮೌ ಮೌ ದಂಗೆ ತೀವ್ರವಾಗಿ ತುರ್ತುಸ್ಥಿತಿ ಘೋಷಣೆಯಾದಾಗ ಹೋರಾಟದ ಮುಖ್ಯ ಪ್ರಶ್ನೆ ಭೂಮಿಯೇ ಆಗಿತ್ತು. ಬ್ರಿಟಿಷರು ಬಂದೂಕಿನ ಜೊತೆಗೆ ಒಂದು ದಫ್ತರವನ್ನೂ ತಂದರು. 1954ರ ಸ್ವಿನ್ನರ್ಟನ್ ಯೋಜನೆಯಂತೆ ಕಿಕುಯು ಜನರ ಸೀಮೆಯ ಚೂರುಪಾರು ಜಮೀನುಗಳನ್ನು ಒಟ್ಟುಗೂಡಿಸಿ, ಅಳೆದು, ವ್ಯಕ್ತಿಗಳ ಹೆಸರಿಗೆ ನೋಂದಾಯಿಸಲಾಯಿತು. ಆ ನೋಂದಣಿ ನಡೆಯುವಾಗ ಹೋರಾಟಗಾರರಲ್ಲಿ ಸಾವಿರಾರು ಮಂದಿ ಬಂಧನ ಶಿಬಿರಗಳಲ್ಲಿದ್ದರು. ಬಿಡುಗಡೆಯಾಗಿ ಊರಿಗೆ ಬಂದಾಗ ಅವರಲ್ಲಿ ಅನೇಕರಿಗೆ ತಮ್ಮ ನೆಲ ಸರ್ಕಾರದ ಪರವಾಗಿದ್ದವರ ಹೆಸರಿನಲ್ಲಿ ಬರೆದಾಗಿತ್ತು ಎಂಬುದು ಗೊತ್ತಾಯಿತು.

1963ರ ಡಿಸೆಂಬರ್ 12ರಂದು ಕೀನ್ಯಾ ಸ್ವತಂತ್ರವಾಯಿತು, ಜೋಮೊ ಕೆನ್ಯಾಟಾ ನಾಯಕರಾದರು. ಹೊಸ ಸರ್ಕಾರ ಆ ನೋಂದಣಿಯನ್ನು ಮುಟ್ಟಲಿಲ್ಲ. ಬಿಳಿಯರ ಜಮೀನಿನಲ್ಲಿ ಹತ್ತು ಲಕ್ಷ ಎಕರೆಯಷ್ಟನ್ನು ಕೊಂಡು ಸುಮಾರು 35,000 ಕುಟುಂಬಗಳಿಗೆ ಹಂಚುವ ಯೋಜನೆ ನಡೆಯಿತಾದರೂ, ಕೊಳ್ಳುವ ಹಣ ಬಹುಪಾಲು ಬ್ರಿಟನ್ನಿನಿಂದ ಬಂದ ಸಾಲ. ತಮ್ಮ ಹಿರಿಯರಿಂದ ಕಿತ್ತುಕೊಂಡ ನೆಲಕ್ಕೆ ಕಂತು ಕಟ್ಟುವ ಕೆಲಸ ರೈತರ ಪಾಲಿಗೆ ಬಂದಿತು. ‘ಕಿರೀಟದ ಭೂಮಿ’ ಕಾಯಿದೆಯ ಹೆಸರು ‘ಸರ್ಕಾರಿ ಭೂಮಿ’ ಕಾಯಿದೆ ಎಂದಾಯಿತು. ಒಳಗಿನ ಅಧಿಕಾರ ಹಾಗೆಯೇ ಇದ್ದು, ಮುಂದಿನ ದಶಕಗಳಲ್ಲಿ ಅಧಿಕಾರಸ್ಥರು ತಮ್ಮವರಿಗೆ ನೆಲ ಹಂಚಿಕೊಳ್ಳಲು ಅದೇ ದಾರಿಯಾಯಿತು. ಈ ಅಕ್ರಮ ಹಂಚಿಕೆಗಳನ್ನು ಎನ್‌ಡುಂಗು ಆಯೋಗ 2004ರಲ್ಲಿ ಸಂಪುಟಗಟ್ಟಲೆ ಬರೆದು ಬಯಲಿಗಿಟ್ಟಿತು. ಸಮುದಾಯದ ಭೂಮಿ ಎಂಬ ಪ್ರತ್ಯೇಕ ವರ್ಗಕ್ಕೆ ಮನ್ನಣೆ ದೊರೆತದ್ದು 2010ರ ಸಂವಿಧಾನದಲ್ಲಿ, ಸ್ವಾತಂತ್ರ್ಯ ಬಂದು 47 ವರ್ಷಗಳಾದ ಮೇಲೆ.

ನೆಲದಂತೆಯೇ ಜನರೂ ದಫ್ತರಕ್ಕೆ ಸೇರಿದರು. 1871ರ ಅಪರಾಧಿ ಬುಡಕಟ್ಟುಗಳ ಕಾಯಿದೆ ಕೆಲವು ಸಮುದಾಯಗಳನ್ನು ಹುಟ್ಟಿನಿಂದಲೇ ಅಪರಾಧಿಗಳೆಂದು ಬರೆಯಿತು. ಗಂಡಸರು ಠಾಣೆಗೆ ಹೋಗಿ ಹಾಜರಿ ಹಾಕಬೇಕು, ಅಪ್ಪಣೆಯಿಲ್ಲದೆ ಊರು ಬಿಡುವಂತಿಲ್ಲ. ಹೊಳೆಯ ಆಚೆ, ಬೊಂಬಾಯಿ ಪ್ರಾಂತ್ಯದ ಹುಬ್ಬಳ್ಳಿಯಲ್ಲಿ ತಂತಿಬೇಲಿಯೊಳಗೆ ಇಂಥವರನ್ನು ಕೂಡಿಹಾಕಿದ ಜಾಗಕ್ಕೆ ಇಂದಿಗೂ ಸೆಟ್ಲಮೆಂಟ್ ಎಂದೇ ಹೆಸರು. ಸ್ವತಂತ್ರ ಭಾರತ 1952ರಲ್ಲಿ ಆ ಕಾಯಿದೆಯನ್ನು ರದ್ದು ಮಾಡಿತು, ಅವರನ್ನು ವಿಮುಕ್ತರು ಎಂದು ಕರೆಯಿತು. ಇದು ಸಣ್ಣ ಕೆಲಸವಲ್ಲ. ಆದರೆ ಅದರ ಜಾಗದಲ್ಲಿ ಬಂದ ರೂಢಿಗತ ಅಪರಾಧಿಗಳ ಕಾಯಿದೆಗಳು ಠಾಣೆಯ ಪಟ್ಟಿಗಳಲ್ಲಿ ಅದೇ ಮನೆಗಳ ಮೇಲೆ ಕಣ್ಣಿಟ್ಟವು. ಊರಿನಲ್ಲಿ ಕಳವಾದರೆ ಪೊಲೀಸರು ಮೊದಲು ಯಾವ ಕೇರಿಗೆ ಹೋಗುತ್ತಾರೆ ಎಂದು ಆ ಕೇರಿಯ ಹುಡುಗರನ್ನು ಕೇಳಿದರೆ 1952ರ ರದ್ದತಿ ಎಷ್ಟು ದೂರ ಹೋಯಿತು ಎಂಬುದು ತಿಳಿಯುತ್ತದೆ.

ಇಂಥ ಬರಹದ ಅತ್ಯಂತ ಘೋರ ಪರಿಣಾಮ ಕಂಡದ್ದು ರುವಾಂಡಾದಲ್ಲಿ. 1930ರ ದಶಕದಲ್ಲಿ ಬೆಲ್ಜಿಯಂ ಆಡಳಿತ ಅಲ್ಲಿನ ಪ್ರತಿಯೊಬ್ಬರಿಗೂ ಹುಟು, ಟುಟ್ಸಿ ಅಥವಾ ಟ್ವಾ ಎಂದು ನಮೂದಿಸಿದ ಗುರುತಿನ ಚೀಟಿ ಕೊಟ್ಟಿತು. ಒಂದೇ ಭಾಷೆ ಆಡುವ, ಒಂದೇ ಗುಡ್ಡದ ಮೇಲೆ ಬಾಳುವ, ಒಂದು ಗುಂಪಿನಿಂದ ಇನ್ನೊಂದಕ್ಕೆ ದಾಟುವ ದಾರಿ ಇದ್ದ ಜನರ ನಡುವೆ ಆ ಚೀಟಿ ಗೋಡೆಯನ್ನು ಗಟ್ಟಿ ಮಾಡಿತು. 1962ರ ಜುಲೈ 1ರಂದು ದೇಶ ಸ್ವತಂತ್ರವಾಯಿತು. ಹೊಸ ಸರ್ಕಾರಗಳು ಎಷ್ಟೋ ಬದಲಾಯಿಸಿದವು, ಚೀಟಿಯ ಮೇಲಿನ ಆ ಒಂದು ಸಾಲನ್ನು ಉಳಿಸಿಕೊಂಡವು. 1994ರ ಏಪ್ರಿಲ್‌ನಿಂದ ಜುಲೈವರೆಗೆ ರಸ್ತೆಯ ತಡೆಗಳಲ್ಲಿ ಮಚ್ಚು ಹಿಡಿದು ನಿಂತವರು ಕೇಳುತ್ತಿದ್ದದ್ದು ಆ ಚೀಟಿಯನ್ನು. ಸುಮಾರು 8 ಲಕ್ಷ ಜನ ಕೊಲೆಯಾದರು. ಆ ಸಾಲನ್ನು ತೆಗೆದದ್ದು ಅದಾದ ಮೇಲೆ.

ಹಾಗಾದರೆ ಜನರ ಗುಂಪು, ಜಾತಿಗಳನ್ನು ಬರೆಯುವುದೇ ತಪ್ಪೇ ಎಂದು ಅಂದು ಸಭೆಯಲ್ಲಿ ಒಬ್ಬರು ಕೇಳಿದರು. ಒಳ್ಳೆಯ ಪ್ರಶ್ನೆ, ಇದಕ್ಕೆ ಅವಸರದ ಉತ್ತರ ಕೊಡಬಾರದು. ನಮ್ಮ ಸಂಸ್ಥಾನದಲ್ಲಿ 1918ರಲ್ಲಿ ಮಿಲ್ಲರ್ ಸಮಿತಿ ರಚನೆಯಾಗಿ, ಸರ್ಕಾರಿ ನೌಕರಿಗಳು ಒಂದೇ ಸಮುದಾಯದ ಕೈಯಲ್ಲಿ ಹೇಗೆ ಸೇರಿಕೊಂಡಿವೆ ಎಂಬುದನ್ನು ತೋರಿಸಲು ಸಾಧ್ಯವಾದದ್ದು ಜಾತಿಯ ಲೆಕ್ಕ ಇದ್ದುದರಿಂದಲೇ. 1975ರಲ್ಲಿ ವರದಿ ಕೊಟ್ಟ, ಹಿಂದುಳಿದ ವರ್ಗಗಳ ಹಾವನೂರ್ ಆಯೋಗವೂ ಅಂಥ ಲೆಕ್ಕವಿಲ್ಲದೆ ಒಂದು ಹೆಜ್ಜೆ ಇಡಲಾಗುತ್ತಿರಲಿಲ್ಲ. ಇಂದು ನಮ್ಮ ಜಿಲ್ಲೆಗಳ ಕಾಡುಗೊಲ್ಲರು ತಮ್ಮನ್ನು ಪರಿಶಿಷ್ಟ ಪಂಗಡದಲ್ಲಿ ಸೇರಿಸಬೇಕೆಂದು ವರ್ಷಗಳಿಂದ ಕೇಳುತ್ತಿದ್ದಾರೆ. ಅವರ ಬೇಡಿಕೆಯ ತಿರುಳು ತಮ್ಮ ಹೆಸರನ್ನು ತಮ್ಮದೇ ಆಗಿ ಬರೆಯಿರಿ ಎಂಬುದು. ಬರೆಸಿಕೊಳ್ಳುವವನಿಗೆ ಆ ಬರಹವನ್ನು ಪ್ರಶ್ನಿಸುವ, ತಿದ್ದಿಸುವ ಬಲ ಇದೆಯೇ ಎಂಬುದನ್ನು ನೋಡಿ ನಾನು ತೂಗುತ್ತೇನೆ. 1871ರ ಪಟ್ಟಿಯಲ್ಲಿದ್ದವನಿಗೆ ಆ ಬಲ ಇರಲಿಲ್ಲ, ಮಿಲ್ಲರ್ ಸಮಿತಿಯ ಮುಂದೆ ಅರ್ಜಿ ಹಿಡಿದು ಬಂದವರಿಗೆ ಸ್ವಲ್ಪ ಇತ್ತು.

ದಂಡಸಂಹಿತೆಯ ವಿಷಯವನ್ನು ಚಿಕ್ಕದಾಗಿ ಮುಗಿಸುತ್ತೇನೆ, ಏಕೆಂದರೆ ಅದು ನಿಮಗೆಲ್ಲ ತಿಳಿದದ್ದು. ಘಾನಾ 1957ರ ಮಾರ್ಚ್ 6ರಂದು ಸ್ವತಂತ್ರವಾಯಿತು. ಮರುವರ್ಷವೇ ಎನ್‌ಕ್ರುಮಾ ಸರ್ಕಾರ ವಿಚಾರಣೆಯಿಲ್ಲದೆ ಐದು ವರ್ಷ ಬಂಧನದಲ್ಲಿಡುವ ಕಾಯಿದೆ ತಂದಿತು. ಆ ದೇಶಕ್ಕೆ ಘಾನಾ ಎಂಬ ಹೆಸರನ್ನು ಸೂಚಿಸಿದ, ಒಂದು ಕಾಲದಲ್ಲಿ ಎನ್‌ಕ್ರುಮಾ ಅವರೊಡನೆ ಬ್ರಿಟಿಷರ ಸೆರೆಯಲ್ಲಿದ್ದ ಜೆ. ಬಿ. ಡಾಂಕ್ವಾ 1965ರಲ್ಲಿ ಸ್ವತಂತ್ರ ಘಾನಾದ ಸೆರೆಮನೆಯಲ್ಲೇ ಪ್ರಾಣ ಬಿಟ್ಟರು. ನಾವು ಹಿಂದೆ ಬೀಳಲಿಲ್ಲ. ನಮ್ಮ ಮುನ್ನೆಚ್ಚರಿಕೆ ಬಂಧನ ಕಾಯಿದೆ 1950ರದು, ಸಂವಿಧಾನ ಜಾರಿಯಾದ ವರ್ಷದ್ದೇ. ತಿಲಕರನ್ನೂ ಗಾಂಧಿಯನ್ನೂ ಜೈಲಿಗೆ ಕಳಿಸಿದ, 1870ರಲ್ಲಿ ಸೇರಿದ ರಾಜದ್ರೋಹದ ಕಲಮು 2024ರ ಜೂನ್ ಕೊನೆಯವರೆಗೆ ನಮ್ಮ ದಂಡಸಂಹಿತೆಯಲ್ಲಿತ್ತು. ಹೊಸ ಸಂಹಿತೆಯಲ್ಲಿ ಆ ಹೆಸರಿಲ್ಲ, ಅದರ ನೆರಳು ಇನ್ನೊಂದು ಕಲಮಿನಲ್ಲಿದೆ.

ಭಾಷೆಯ ವಿಷಯಕ್ಕೆ ಬಂದರೆ, ದಫ್ತರವನ್ನು ಯಾವ ಮಾತಿನಲ್ಲಿ ಬರೆಯಬೇಕು ಎಂಬ ಪ್ರಶ್ನೆಗೆ ಕೊಟ್ಟ ತಪ್ಪು ಉತ್ತರದಿಂದ ದೇಶಗಳೇ ಒಡೆದಿವೆ. ಉರ್ದುವೊಂದೇ ಸಾಕು ಎಂದ ಪಾಕಿಸ್ತಾನ 1952ರ ಫೆಬ್ರವರಿ 21ರಂದು ಢಾಕಾದಲ್ಲಿ ವಿದ್ಯಾರ್ಥಿಗಳ ಮೇಲೆ ಗುಂಡು ಹಾರಿಸಿತು. 1971ರಲ್ಲಿ ಬಾಂಗ್ಲಾದೇಶ ಹುಟ್ಟಿತು. ಸಿಂಹಳವೊಂದೇ ಎಂದ ಶ್ರೀಲಂಕಾದ 1956ರ ಕಾಯಿದೆಯಿಂದ ತಮಿಳು ಗುಮಾಸ್ತನಿಗೆ ಕಚೇರಿಯ ಬಾಗಿಲು ಮುಚ್ಚಿತು, ಆ ಗಾಯ ಮುಂದೆ 2009ರವರೆಗೆ ನಡೆದ ಯುದ್ಧಕ್ಕೆ ದಾರಿಯಾಯಿತು. ಇಂಡೊನೇಷ್ಯಾದವರು ಇನ್ನೊಂದು ದಾರಿ ಹಿಡಿದರು. ಅಲ್ಲಿ ಅತಿ ಹೆಚ್ಚು ಜನರ ಮಾತು ಜಾವಾನೀಸ್. ಆದರೂ 1928ರಲ್ಲೇ ಯುವಜನರು, ಬಂದರುಗಳಲ್ಲೂ ಸಂತೆಗಳಲ್ಲೂ ಎಲ್ಲರೂ ಬಳಸುತ್ತಿದ್ದ ಮಲಯ ಭಾಷೆಯನ್ನು ಸಮಾನ ಭಾಷೆಯಾಗಿ ಒಪ್ಪಿಕೊಂಡರು. ದೊಡ್ಡ ಸಮುದಾಯ ತನ್ನ ಮಾತನ್ನು ಎಲ್ಲರ ಮೇಲೆ ಹೇರದೆ ಹಿಂದೆ ಸರಿದ ಆ ನಡೆಯನ್ನು ನಾನು ಬಹಳ ದೊಡ್ಡದೆಂದು ತಿಳಿಯುತ್ತೇನೆ.

ಟಾಂಜಾನಿಯಾದಲ್ಲಿ ಅಧ್ಯಕ್ಷ ನ್ಯೆರೆರೆ ಸ್ವಾಹಿಲಿಯನ್ನು ಹೀಗೆಯೇ ಬೆಳೆಸಿದರು. ನೂರಕ್ಕೂ ಹೆಚ್ಚು ಭಾಷೆಗಳ ಆ ದೇಶ ಬುಡಕಟ್ಟು ಕಲಹಗಳಿಂದ ಬಹುಮಟ್ಟಿಗೆ ಪಾರಾಯಿತು. ಅದೇ ನ್ಯೆರೆರೆ, ಸಮಾಜವಾದದ ದಾರಿಯನ್ನು ಸಾರಿದ 1967ರ ಅರುಷಾ ಘೋಷಣೆಯ ನಂತರ, ಚದುರಿದ ಮನೆಗಳ ರೈತರನ್ನು ಉಜಾಮಾ ಎಂಬ ಹೊಸ ಸಾಮೂಹಿಕ ಹಳ್ಳಿಗಳಿಗೆ ತರಲು ಹೊರಟರು. ಮೊದಲು ಒಲಿಸಿ, 1973ರ ನಂತರ ಬಲವಂತದಿಂದ, ಕೆಲವೆಡೆ ಹಳೆಯ ಮನೆಗಳಿಗೆ ಬೆಂಕಿಯಿಟ್ಟು, ಒಂದು ಕೋಟಿಗೂ ಹೆಚ್ಚು ಜನರನ್ನು ನಕ್ಷೆಯಲ್ಲಿ ಗುರುತಿಸಿದ ಜಾಗಗಳಿಗೆ ಸೇರಿಸಲಾಯಿತು. ಶಾಲೆ, ಆಸ್ಪತ್ರೆ ಹತ್ತಿರವಾದವು, ಅಕ್ಷರ ಹರಡಿತು. ಹೊಲ ದೂರವಾಯಿತು, ಬೆಳೆ ಕುಸಿಯಿತು. ನ್ಯೆರೆರೆ ಅವರ ಪ್ರಾಮಾಣಿಕತೆಯಲ್ಲಿ ನನಗೆ ಸಂದೇಹವಿಲ್ಲ. ಆದರೆ ಯಾವ ಮಣ್ಣಿನಲ್ಲಿ ಯಾವ ಬೆಳೆ ನಿಲ್ಲುತ್ತದೆ ಎಂದು ಬಲ್ಲ ರೈತನಿಗಿಂತ ನಕ್ಷೆಗೆ ಹೆಚ್ಚು ಗೊತ್ತಿದೆ ಎಂದು ನಂಬುವ ಅಭ್ಯಾಸವನ್ನು ಅವರ ಅಧಿಕಾರಿಗಳು ಹಳೆಯ ಆಡಳಿತದಿಂದಲೇ ಪಡೆದಿದ್ದರು.

ದಫ್ತರವನ್ನು ನಿಜವಾಗಿಯೂ ತಿದ್ದಿದ ಪ್ರಸಂಗವೊಂದು ನಮ್ಮ ರಾಜ್ಯದಲ್ಲೇ ಇದೆ, ಅದನ್ನು ವಿವರವಾಗಿ ಹೇಳದಿದ್ದರೆ ನನ್ನ ಮಾತು ಬರಿಯ ದೂರಾಗುತ್ತದೆ. ಮೊದಲನೆಯದಾಗಿ 1961ರ ಗ್ರಾಮ ಹುದ್ದೆಗಳ ರದ್ದತಿ ಕಾಯಿದೆ. ಅದು 1963ರಲ್ಲಿ ಜಾರಿಯಾಗಿ ವಂಶಪಾರಂಪರ್ಯದ ಶಾನುಭೋಗಿಕೆ, ಪಟೇಲಿಕೆಗಳು ಹೋದವು. ಶಾನುಭೋಗರ ಮನೆಯ ಅಟ್ಟದಲ್ಲಿದ್ದ ಕಡತಗಳು ಚಾವಡಿಗೆ ಇಳಿದವು. ಅದಕ್ಕೆ ಮೊದಲು ಬರೆಯುವ ಕೈ ಯಾವ ಮನೆಯದೆಂದು ಹುಟ್ಟಿನಿಂದಲೇ ತೀರ್ಮಾನವಾಗಿರುತ್ತಿತ್ತು. ಎರಡನೆಯದು ದೇವರಾಜ ಅರಸು ಅವರ ಕಾಲದ ಭೂಸುಧಾರಣೆ. 1974ರ ಮಾರ್ಚ್ 1ರಿಂದ ಗೇಣಿ ಭೂಮಿಯೆಲ್ಲ ಸರ್ಕಾರದಲ್ಲಿ ನಿಹಿತವಾಯಿತು. ಉಳುತ್ತಿದ್ದವರು ಫಾರಂ 7 ತುಂಬಿ ಒಡೆತನ ಕೇಳಬಹುದಾಗಿತ್ತು. ಸುಮಾರು 8 ಲಕ್ಷ ಅರ್ಜಿಗಳು ಬಂದವು.

ಆದರೆ ಗೇಣಿದಾರನ ಹೆಸರು ಪಹಣಿಯಲ್ಲಿ ಇರುತ್ತಿದ್ದುದೇ ಅಪರೂಪ. ಧಣಿಯ ಮಾತಿನಂತೆ ಬರೆದ ಪಹಣಿಯನ್ನೇ ಸಾಕ್ಷಿಯಾಗಿ ಹಿಡಿದಿದ್ದರೆ ಅಷ್ಟೂ ಅರ್ಜಿಗಳು ಬಿದ್ದುಹೋಗುತ್ತಿದ್ದವು. ಅದಕ್ಕಾಗಿಯೇ ಕಾಯಿದೆ ತಾಲ್ಲೂಕುಗಳಲ್ಲಿ ಭೂನ್ಯಾಯ ಮಂಡಳಿಗಳನ್ನು ರಚಿಸಿತು. ಉಪವಿಭಾಗಾಧಿಕಾರಿಯ ಜೊತೆಗೆ ನಾಲ್ವರು ಅಧಿಕಾರೇತರ ಸದಸ್ಯರು, ಅವರಲ್ಲಿ ಒಬ್ಬರು ಪರಿಶಿಷ್ಟ ಜಾತಿ ಅಥವಾ ಪಂಗಡದವರು, ವಕೀಲರಿಗೆ ಪ್ರವೇಶವಿಲ್ಲ. ಮಂಡಳಿ ಊರಿನವರ ಬಾಯಿಮಾತಿನ ಸಾಕ್ಷ್ಯವನ್ನು ಕೇಳಬಹುದಾಗಿತ್ತು. ಈ ಹೊಲವನ್ನು ಯಾರು ಉಳುತ್ತಿದ್ದರು ಎಂದು ಪಕ್ಕದ ಹೊಲದವನನ್ನು ಕೇಳಿ, ಅವನು ಹೇಳಿದ್ದನ್ನು ಬರಹಕ್ಕೆ ಎದುರಾಗಿ ನಿಲ್ಲಿಸಿ ತೂಗಿದ್ದು, ಒಂದು ಶತಮಾನದ ನಂತರ ಕಡತ ಮತ್ತೆ ಊರಿನ ಮಾತಿಗೆ ಕಿವಿಗೊಟ್ಟ ಗಳಿಗೆ ಎಂದು ನಾನು ತಿಳಿದಿದ್ದೇನೆ. ಕರಾವಳಿ, ಮಲೆನಾಡುಗಳಲ್ಲಿ ಇದರ ಫಲ ದೊಡ್ಡದು. ಗೇಣಿ ಕಡಿಮೆಯಿದ್ದ ನಮ್ಮ ಬಯಲುಸೀಮೆಯಲ್ಲಿ ಅಷ್ಟಿಲ್ಲ. ಇಲ್ಲಿ ಭೂಮಿಯೇ ಇಲ್ಲದ ಕೂಲಿಗಾರನಿಗೆ ಫಾರಂ 7ರಲ್ಲಿ ತುಂಬಲು ಏನೂ ಇರಲಿಲ್ಲ. 2000ದ ಹೊತ್ತಿಗೆ ಭೂಮಿ ಯೋಜನೆಯಲ್ಲಿ ಸುಮಾರು 2 ಕೋಟಿ ಪಹಣಿಗಳು ಕಂಪ್ಯೂಟರಿಗೆ ಏರಿದವು. ಲಂಚವಿಲ್ಲದೆ ಪಹಣಿ ಸಿಗುವಂತಾದದ್ದು ಒಳ್ಳೆಯದೇ. ಆದರೆ ಕಂಪ್ಯೂಟರು ಕಾಗದದಲ್ಲಿದ್ದುದನ್ನು ನಕಲು ಮಾಡಿತು, ಪಕ್ಕದ ಹೊಲದವನನ್ನು ಕೇಳಲಿಲ್ಲ.

ಹಳೆಯದನ್ನು ತಿದ್ದುವುದರ ಜೊತೆಗೆ ಪೂರ್ತಿ ಹೊಸದೊಂದು ದಫ್ತರವನ್ನೂ ಈ ದೇಶ ಬರೆಯಿತು. ಸಂವಿಧಾನ ಅಂಗೀಕಾರವಾಗುವ ಮೊದಲೇ, 1948ರಲ್ಲಿ, ಮತದಾರರ ಪಟ್ಟಿಯ ಕೆಲಸ ಆರಂಭವಾಯಿತು. ಅದಕ್ಕೆ ಮುನ್ನ ಜನ ಕಡತ ಸೇರುತ್ತಿದ್ದದ್ದು ಕಂದಾಯ ಕಟ್ಟುವವರಾಗಿ, ಸಾಲಗಾರರಾಗಿ, ಆರೋಪಿಗಳಾಗಿ. ಓದು, ಆಸ್ತಿ, ಜಾತಿ ಯಾವುದನ್ನೂ ಕೇಳದೆ 21 ವರ್ಷ ತುಂಬಿದವರೆಲ್ಲರ ಹೆಸರನ್ನೂ ಬರೆದುಕೊಳ್ಳುವ ಪುಸ್ತಕ ಇದೇ ಮೊದಲು. 1951-52ರ ಚುನಾವಣೆಯ ಹೊತ್ತಿಗೆ ಅದರಲ್ಲಿ ಸುಮಾರು 17.3 ಕೋಟಿ ಹೆಸರುಗಳಿದ್ದವು. ಮನೆ ಬಾಗಿಲಿಗೆ ಬಂದ ಗುಮಾಸ್ತರಿಗೆ ಅನೇಕ ಹೆಂಗಸರು ತಮ್ಮ ಹೆಸರು ಹೇಳಲಿಲ್ಲ. ಇಂಥವರ ಹೆಂಡತಿ, ಇಂಥವರ ತಾಯಿ ಎಂದು ಬರೆದುಕೊಳ್ಳಿ ಎಂದರು. ಹಾಗೆ ಬರೆದದ್ದು ಸಲ್ಲದು ಎಂದು ಮುಖ್ಯ ಚುನಾವಣಾ ಆಯುಕ್ತ ಸುಕುಮಾರ ಸೇನ್ ಪಟ್ಟು ಹಿಡಿದರು, ಸುಮಾರು 28 ಲಕ್ಷ ಹೆಂಗಸರ ನಮೂದುಗಳು ಪಟ್ಟಿಯಿಂದ ಹೋದವು. ಅದನ್ನು ಕಠಿಣವೆಂದವರಿದ್ದಾರೆ. ಮುಂದಿನ ಚುನಾವಣೆಯ ಹೊತ್ತಿಗೆ ಬಹುಪಾಲು ಹೆಂಗಸರು ತಮ್ಮ ಹೆಸರನ್ನೇ ಹೇಳಿ ಬರೆಸಿದ್ದರು.

ನನ್ನ ಅಜ್ಜಿ ಆ ಮೊದಲ ಪಟ್ಟಿಯಲ್ಲಿದ್ದಳು. ಅವಳ ಅಕ್ಕ ಇರಲಿಲ್ಲ, ಏಕೆಂದರೆ ಅಕ್ಕ ಗಂಡನ ಹೆಸರಿನ ಮೇಲೆ ತನ್ನದನ್ನು ಬರೆಸಿದ್ದಳಂತೆ. ಜಗಳೂರು ಸೀಮೆಯ ಆ ಹಳ್ಳಿಯಿಂದ ಮತಗಟ್ಟೆಗೆ ನಡೆದು ಹೋದ ದಿನವನ್ನು ಅಜ್ಜಿ ನಮಗೆ ಅನೇಕ ಸಲ ಹೇಳಿದ್ದಾಳೆ. ಗುಮಾಸ್ತನೊಬ್ಬ ಜನರ ಎದುರು ತನ್ನ ಹೆಸರನ್ನು ಗಟ್ಟಿಯಾಗಿ ಓದಿದ್ದು ಅವಳ ನೆನಪಿನಲ್ಲಿ ಉಳಿದ ಸಂಗತಿ. ಅಜ್ಜನ ಜೊತೆಗೆ ಕಲ್ಲು ಆಯ್ದು ಆ ಮೂರು ಎಕರೆಯನ್ನು ಹೊಲ ಮಾಡಿದವಳು ಅವಳೇ. ಮನೆಯಲ್ಲಿ ಈಗಲೂ ಇರುವ ಅರ್ಜಿಗಳ ನಕಲುಗಳನ್ನು ನಾನು ಈ ಉಪನ್ಯಾಸಕ್ಕೆ ಮುನ್ನ ತೆಗೆದು ನೋಡಿದೆ. ಫಾರಂ 50ರಲ್ಲಿ ಅಜ್ಜನ ಹೆಸರಿದೆ, 53ರಲ್ಲಿ ತಂದೆಯದು, 57ರಲ್ಲಿ ಅಣ್ಣನದು. ಅಜ್ಜಿಯ ಹೆಸರು ಮೂರರಲ್ಲಿಯೂ ಇಲ್ಲ.